ಹಳೆಯ ರೀಲು, ಹೊಸ ಕಟ್: ಚರಿತ್ರೆಯ ಸಾಕ್ಷ್ಯಚಿತ್ರಗಳಿಗೆ ಎಡಿಟರ್ ಆಗಬಯಸುವವರಿಗೆ

ಮದ್ದೂರು ಬಳಿಯ ಶಿವಪುರದಲ್ಲಿ ಧ್ವಜ ಸತ್ಯಾಗ್ರಹ ನಡೆದದ್ದು 1938ರ ಏಪ್ರಿಲ್‌ನಲ್ಲಿ. ಅಂದಿನ ಬಾವುಟದ ನಡುವೆ ಇದ್ದದ್ದು ಚರಕ. ಅಶೋಕ ಚಕ್ರವಿರುವ ಬಾವುಟವನ್ನು ಸಂವಿಧಾನ ಸಭೆ ಒಪ್ಪಿಕೊಂಡದ್ದು 1947ರ ಜುಲೈ 22ರಂದು. ಶಿವಪುರದ ಕಥೆ ನಡೆಯುತ್ತಿರುವಾಗ ಚಕ್ರದ ಬಾವುಟ ಒಂದೇ ಒಂದು ಸೆಕೆಂಡ್ ತೆರೆಯ ಮೇಲೆ ಬಂದರೂ ಸಾಕು, ವಿಷಯ ಬಲ್ಲ ನೋಡುಗರು ಅಲ್ಲಿಂದಾಚೆಗಿನ ಎಲ್ಲವನ್ನೂ ಅನುಮಾನದಿಂದಲೇ ನೋಡುತ್ತಾರೆ. ನಿರ್ದೇಶಕರು ಗಮನಿಸಿರಲಿಲ್ಲ, ಸಂಶೋಧಕರು ಆ ದಿನ ಸ್ಟುಡಿಯೋಗೆ ಬಂದಿರಲಿಲ್ಲ ಎಂಬ ಸಮಜಾಯಿಷಿ ಆಗ ಯಾರಿಗೂ ಬೇಕಿರುವುದಿಲ್ಲ. ಆ ಶಾಟನ್ನು ಟೈಮ್‌ಲೈನ್ (ಶಾಟ್‌ಗಳನ್ನು ಸಾಲಾಗಿ ಜೋಡಿಸುವ ಪಟ್ಟಿ) ಮೇಲೆ ಇಟ್ಟವರು ಎಡಿಟರ್.

ಕಥಾಚಿತ್ರದ ಎಡಿಟರ್ ಒಂದು ಶಾಟ್ ನೋಡಿದಾಗ ಕೇಳುವ ಪ್ರಶ್ನೆ, ಇದು ಇಲ್ಲಿ ಕೂರುತ್ತದೆಯೇ ಎಂದು. ಚರಿತ್ರೆಯ ಸಾಕ್ಷ್ಯಚಿತ್ರದಲ್ಲಿ ಅದಕ್ಕೂ ಮುಂಚೆ ಇನ್ನೂ ನಾಲ್ಕು ಪ್ರಶ್ನೆಗಳಿವೆ: ಎಲ್ಲಿಯದು, ಯಾವತ್ತಿನದು, ತೆಗೆದವರು ಯಾರು, ಈಗ ಯಾರ ಸ್ವತ್ತು. ಈ ನಾಲ್ಕಕ್ಕೂ ಉತ್ತರ ಹೇಳಬಲ್ಲ ಎಡಿಟರ್‌ನನ್ನು ನಿರ್ಮಾಪಕರು ಮತ್ತೆ ಮತ್ತೆ ಕರೆಯುತ್ತಾರೆ. ಈ ವೃತ್ತಿ ಬೆಳೆಯುವುದು ಹಾಗೆ.

ಒಳಗೆ ಹೋಗುವ ದಾರಿ

ಪುಣೆಯ ಎಫ್‌ಟಿಐಐ (ಭಾರತೀಯ ಚಲನಚಿತ್ರ ಮತ್ತು ಟೆಲಿವಿಷನ್ ಸಂಸ್ಥೆ) ಮತ್ತು ಕೋಲ್ಕತ್ತದ ಸತ್ಯಜಿತ್ ರೇ ಸಂಸ್ಥೆಗಳಲ್ಲಿ ಎಡಿಟಿಂಗ್‌ಗೇ ಮೀಸಲಾದ ಕೋರ್ಸ್‌ಗಳಿವೆ. ಬೆಂಗಳೂರಿನ ಹೆಸರಘಟ್ಟದಲ್ಲಿ ಸರ್ಕಾರಿ ಚಲನಚಿತ್ರ ಮತ್ತು ಟಿವಿ ಸಂಸ್ಥೆ ಇದೆ. ಕೋರ್ಸ್ ಮಾಡದೆಯೂ ಬರಬಹುದು, ಆದರೆ ಅಸಿಸ್ಟೆಂಟ್ ಎಡಿಟರ್ ಆಗಿ ಎರಡು ಮೂರು ವರ್ಷ ಕೂರುವುದನ್ನು ಮಾತ್ರ ತಪ್ಪಿಸಬೇಡಿ. ಫುಟೇಜ್ ಇಳಿಸುವುದು, ಸದ್ದು ಸಿಂಕ್ ಮಾಡುವುದು, ಲಾಗ್ (ಪ್ರತಿ ಶಾಟ್‌ನ ವಿವರದ ಪಟ್ಟಿ) ಬರೆಯುವುದು, ಆರ್ಕೈವ್‌ನಿಂದ ಮಾಸ್ಟರ್ (ಪೂರ್ತಿ ಗುಣಮಟ್ಟದ ಪ್ರತಿ) ಬಂದಾಗ ಹೊಂದಿಸುವುದು ಅಸಿಸ್ಟೆಂಟ್‌ನ ಕೆಲಸ. ಈ ವಿಭಾಗದಲ್ಲಿ ತಪ್ಪುಗಳು ಹುಟ್ಟುವುದೂ ಈ ನಾಲ್ಕು ಕಡೆಯೇ.

ಸಾಫ್ಟ್‌ವೇರ್ ಯಾವುದು ಎಂಬ ಚಿಂತೆಗೆ ಹೆಚ್ಚು ಸಮಯ ಕೊಡಬೇಡಿ. ಆವಿಡ್, ಪ್ರೀಮಿಯರ್, ರಿಸಾಲ್ವ್ ಮೂರರಲ್ಲಿ ಒಂದನ್ನು ಕಣ್ಣುಮುಚ್ಚಿ ಓಡಿಸುವಷ್ಟು ಕಲಿಯಿರಿ, ಇನ್ನೊಂದರಲ್ಲಿ ಪ್ರಾಜೆಕ್ಟ್ ತೆರೆದು ಸರಿಪಡಿಸುವಷ್ಟು. ಕೆಲಸ ಕೇಳಲು ಹೋಗುವಾಗ ಎರಡು ನಿಮಿಷದ ಮಿಂಚಿನ ಶೋರೀಲ್‌ಗಿಂತ, ಹತ್ತು ನಿಮಿಷದ ಒಂದು ಪೂರ್ತಿ ಚಿತ್ರ ಮತ್ತು ಅದರ ಲಾಗ್ ಶೀಟ್ ತೆಗೆದುಕೊಂಡು ಹೋಗಿ. ನಿಮ್ಮ ಊರಿನ ಕೆರೆ, ಹಳೆಯ ಶಾಲೆ, ಮುಚ್ಚಿದ ಗಿರಣಿ ಯಾವುದಾದರೂ ಆದೀತು. ಇಪ್ಪತ್ತು ಫೋಟೊ, ಮೂರು ಸಂದರ್ಶನ, ಒಂದೆರಡು ದಾಖಲೆ ಸಿಕ್ಕರೆ ಅಭ್ಯಾಸಕ್ಕೆ ಸಾಕು.

ಕಟ್‌ಗೆ ಮುಂಚೆ ಲಾಗ್

ಉದಾಹರಣೆಗೆ, ಜವಾಬ್ದಾರಿ ಸರ್ಕಾರಕ್ಕಾಗಿ 1947ರಲ್ಲಿ ಮೈಸೂರು ಸಂಸ್ಥಾನದಲ್ಲಿ ನಡೆದ ಮೈಸೂರು ಚಲೋ ಚಳವಳಿಯ ಮೇಲೆ 52 ನಿಮಿಷದ ಚಿತ್ರ ಎಂದು ಇಟ್ಟುಕೊಳ್ಳೋಣ. 1947ರಲ್ಲಿ 18 ವರ್ಷದವರಾಗಿದ್ದವರು ಈಗ ತೊಂಬತ್ತೈದು ದಾಟಿದ್ದಾರೆ. ಹಾಗಾಗಿ ಹೊಸ ಸಂದರ್ಶನ ಕಡಿಮೆ. 1980–90ರ ದಶಕದಲ್ಲಿ ಯಾರೋ ವಿಎಚ್‌ಎಸ್ ಅಥವಾ ಯು-ಮ್ಯಾಟಿಕ್ ಟೇಪಿನಲ್ಲಿ ಹಿಡಿದಿಟ್ಟ ಮಾತುಗಳೇ ಹೆಚ್ಚು. ಜೊತೆಗೆ ಪತ್ರಿಕೆಗಳ ಪುಟ, ಮನೆಮನೆಯ ಫೋಟೊ, ಒಂದಿಷ್ಟು ನ್ಯೂಸ್‌ರೀಲ್ (ಚಿತ್ರಮಂದಿರಗಳಲ್ಲಿ ತೋರಿಸುತ್ತಿದ್ದ ಸುದ್ದಿಚಿತ್ರ). ಎಲ್ಲ ಸೇರಿ 25ರಿಂದ 30 ಗಂಟೆ ಆಗುತ್ತದೆ.

ಇದನ್ನೆಲ್ಲ ಪ್ರಾಕ್ಸಿ, ಅಂದರೆ ಕಟ್ ಮಾಡಲು ಹಗುರಾದ ನಕಲು, ಮಾಡಿಕೊಂಡೇ ಶುರುಮಾಡಿ. 1080 ರೆಸಲ್ಯೂಷನ್, 25 ಫ್ರೇಮ್‌ನ ಪ್ರೋರೆಸ್ ಪ್ರಾಕ್ಸಿಗೆ ಗಂಟೆಗೆ ಸುಮಾರು 17 ಜಿಬಿ ಬೇಕು, 30 ಗಂಟೆಗೆ 510 ಜಿಬಿ. ಒಂದು ಟಿಬಿಯ ಎಸ್‌ಎಸ್‌ಡಿಯಲ್ಲಿ ಕೂರುತ್ತದೆ. ಮೂಲ ಫೈಲ್‌ಗಳು ಬೇರೆ ಬೇರೆ ಎರಡು ಡ್ರೈವ್‌ಗಳಲ್ಲಿ ಇರಲಿ, ಅದರಲ್ಲಿ ಒಂದು ಬೇರೆ ಕಟ್ಟಡದಲ್ಲಿರಲಿ.

ಇನ್ನು ಲಾಗ್. ಒಂದು ಸ್ಪ್ರೆಡ್‌ಶೀಟ್, ಒಂದು ಶಾಟ್‌ಗೆ ಒಂದು ಸಾಲು. ಕಾಲಮ್‌ಗಳು ಇಷ್ಟಾದರೂ ಇರಬೇಕು: ನಮ್ಮ ಕ್ಲಿಪ್ ಸಂಖ್ಯೆ, ಕೊಟ್ಟ ಸಂಸ್ಥೆ ಅಥವಾ ಮನೆ, ಅವರ ಕ್ಯಾಟಲಾಗ್ ಸಂಖ್ಯೆ, ಚಿತ್ರೀಕರಿಸಿದ ದಿನ, ಬಿಡುಗಡೆಯಾದ ದಿನ, ಸ್ಥಳ, ಕಾಣುವುದು, ಕೇಳುವುದು, ಮೂಲ ಮಾಧ್ಯಮ, ಫ್ರೇಮ್ ರೇಟ್, ಪುರಾವೆ, ಹಕ್ಕಿನ ಸ್ಥಿತಿ. ಚಿತ್ರೀಕರಣದ ದಿನ ಮತ್ತು ಬಿಡುಗಡೆಯ ದಿನ ಎರಡನ್ನೂ ಒಂದೇ ಕಾಲಮ್‌ನಲ್ಲಿ ಸೇರಿಸಬೇಡಿ. ನ್ಯೂಸ್‌ರೀಲ್‌ಗಳು ಘಟನೆ ನಡೆದ ವಾರಗಳ ನಂತರ ತೆರೆಗೆ ಬರುತ್ತಿದ್ದವು, ಕ್ಯಾಟಲಾಗ್‌ನಲ್ಲಿ ಇರುವುದು ಸಾಮಾನ್ಯವಾಗಿ ಎರಡನೆಯ ದಿನಾಂಕ.

‘ಕಾಣುವುದು’ ಎಂಬ ಕಾಲಮ್‌ನಲ್ಲಿ ಕಣ್ಣಿಗೆ ಕಂಡದ್ದನ್ನೇ ಬರೆಯಿರಿ. ‘ಮೈಸೂರು ಚಲೋ ಮೆರವಣಿಗೆ’ ಎಂದು ಬರೆದರೆ ಅದು ನಿಮ್ಮ ತೀರ್ಮಾನ. ‘ಬಿಳಿ ಟೋಪಿಯ ಸುಮಾರು ನಲವತ್ತು ಜನ, ಎಡಕ್ಕೆ ಹೆಂಚಿನ ಮನೆಸಾಲು, ಹಿಂದೆ ಎತ್ತಿನ ಗಾಡಿ, ಚರಕದ ಬಾವುಟ ಎರಡು’ ಎಂದು ಬರೆದರೆ ಅದು ದಾಖಲೆ. ಮೂರು ತಿಂಗಳ ನಂತರ, ಅದೇ ಶಾಟನ್ನು ಮದ್ರಾಸಿನದ್ದೆಂದು ಇನ್ನೊಂದು ಕ್ಯಾಟಲಾಗ್ ಹೇಳಿದಾಗ, ಈ ಎರಡನೆಯ ಬಗೆಯ ಸಾಲು ನಿಮ್ಮನ್ನು ಕಾಯುತ್ತದೆ.

ಪ್ರತಿ ಕ್ಲಿಪ್‌ಗೂ ಒಂದು ಬಣ್ಣ ಕೊಡಿ. ಸ್ಥಳ ಮತ್ತು ಕಾಲಕ್ಕೆ ಎರಡು ಬೇರೆ ಬೇರೆ ಪುರಾವೆ ಇದ್ದರೆ ಹಸಿರು. ಕ್ಯಾಟಲಾಗ್ ಒಂದೇ ಆಧಾರವಾದರೆ ಹಳದಿ. ಏನೂ ಖಾತ್ರಿಯಿಲ್ಲದಿದ್ದರೆ ಕೆಂಪು. ಕೆಂಪು ಶಾಟ್ ಮೇಲೆ ಊರಿನ ಹೆಸರಾಗಲಿ ಇಸವಿಯಾಗಲಿ ಹೇಳುವ ಮಾತು ಬರಕೂಡದು. ರಫ್ ಕಟ್ (ಚಿತ್ರದ ಕರಡು ಜೋಡಣೆ) ಮುಗಿದಾಗ ಟೈಮ್‌ಲೈನನ್ನು ದೂರದಿಂದ ನೋಡಿದರೆ ಚಿತ್ರ ಎಲ್ಲಿ ಗಟ್ಟಿ, ಎಲ್ಲಿ ಟೊಳ್ಳು ಎಂಬುದು ಬಣ್ಣದಲ್ಲೇ ಗೊತ್ತಾಗುತ್ತದೆ.

ಕಾಲ ಗುರುತಿಸಲು ಚೌಕಟ್ಟಿನ ಮೂಲೆಗಳನ್ನು ನೋಡಿ. ಅಂಗಡಿಯ ದರಪಟ್ಟಿಯಲ್ಲಿ ಆಣೆಯಷ್ಟೇ ಇದ್ದರೆ ಬಹುಶಃ 1957ರ ಏಪ್ರಿಲ್ 1ಕ್ಕೆ ಮುಂಚಿನದು. ನಯಾ ಪೈಸೆ ಬಂದದ್ದು ಅಂದು, ಆದರೆ ಹಳೆಯ ಬೋರ್ಡುಗಳನ್ನು ಮಾರನೆಯ ದಿನವೇ ಯಾರೂ ಕಿತ್ತುಹಾಕಲಿಲ್ಲ ಎಂಬುದೂ ನೆನಪಿರಲಿ. ಪೂರ್ತಿಯಾದ ವಿಧಾನಸೌಧ ಕಂಡರೆ 1956ಕ್ಕೆ ಹಿಂದಿನದಲ್ಲ. ಸರ್ಕಾರಿ ಫಲಕದಲ್ಲಿ ರಾಜ್ಯದ ಹೆಸರು ಕರ್ನಾಟಕ ಎಂದಿದ್ದರೆ 1973ರ ನವೆಂಬರ್ 1ರ ನಂತರದ್ದು. ಕೊಡಾಕ್ ಫಿಲ್ಮ್‌ನ ಅಂಚಿನಲ್ಲಿ ವೃತ್ತ, ಚೌಕ, ತ್ರಿಕೋನದ ಗುರುತುಗಳಿರುತ್ತವೆ. ಅವು ಫಿಲ್ಮ್ ತಯಾರಾದ ವರ್ಷವನ್ನು ಹೇಳುತ್ತವೆ, ಆದರೆ ಅವೇ ಗುರುತುಗಳು 20 ವರ್ಷಕ್ಕೊಮ್ಮೆ ಮರಳುತ್ತಿದ್ದವು. ಹಾಗಾಗಿ 1927 ಮತ್ತು 1947ಕ್ಕೆ ಒಂದೇ ಗುರುತು.

ಶಾಟ್ ಎಡಬಲ ತಿರುಗಿಲ್ಲವೇ ಎಂಬುದನ್ನೂ ಪರೀಕ್ಷಿಸಿ. ಬೋರ್ಡಿನ ಅಕ್ಷರವಿದ್ದರೆ ಸುಲಭ. ಇಲ್ಲದಿದ್ದರೆ ಗಂಡಸರ ಅಂಗಿಯ ಗುಂಡಿ ಧರಿಸಿದವರ ಬಲಭಾಗದಲ್ಲಿರಬೇಕು, ಸೀರೆಯ ಸೆರಗು ಎಡಹೆಗಲ ಮೇಲಿರಬೇಕು. ಕೊಡಗಿನ ಉಡುಗೆಯಾದರೆ ಸೆರಗಿನ ಈ ಲೆಕ್ಕ ನಡೆಯದು.

ಕಡತದ ಹೆಸರುಗಳನ್ನು ಇಂಗ್ಲಿಷ್ ಅಕ್ಷರ ಮತ್ತು ಅಂಕಿಗಳಲ್ಲೇ ಇಡಿ, ನಡುವೆ ಖಾಲಿ ಜಾಗ ಬೇಡ. ಕನ್ನಡ ಅಕ್ಷರದ ಫೈಲ್ ಹೆಸರುಗಳು ಎಕ್ಸ್‌ಎಂಎಲ್ ಅಥವಾ ಎಎಎಫ್ (ಟೈಮ್‌ಲೈನನ್ನು ಸಾಗಿಸುವ ಕಡತಗಳು) ಆಗಿ ಇನ್ನೊಂದು ಯಂತ್ರಕ್ಕೆ ಹೋದಾಗ ಮುರಿದು, ಕ್ಲಿಪ್ ಸಿಗದೆ ಅರ್ಧ ಟೈಮ್‌ಲೈನ್ ಕೆಂಪಾಗುತ್ತದೆ. ಸಂಸ್ಥೆಯ ಕ್ಯಾಟಲಾಗ್ ಸಂಖ್ಯೆ ಫೈಲ್ ಹೆಸರಿನೊಳಗೇ ಇರಲಿ.

ವಸ್ತು ಎಲ್ಲಿ ಸಿಗುತ್ತದೆ

1948ರಲ್ಲಿ ಶುರುವಾದ, ಸರ್ಕಾರದ ಸಾಕ್ಷ್ಯಚಿತ್ರ ವಿಭಾಗವಾದ ಫಿಲ್ಮ್ಸ್ ಡಿವಿಷನ್‌ನ ಸಂಗ್ರಹ ಮತ್ತು 1964ರಲ್ಲಿ ಪುಣೆಯಲ್ಲಿ ಆರಂಭವಾದ ರಾಷ್ಟ್ರೀಯ ಚಲನಚಿತ್ರ ಆರ್ಕೈವ್ ಎರಡೂ ಈಗ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದ (ಎನ್‌ಎಫ್‌ಡಿಸಿ) ಅಡಿಯಲ್ಲಿವೆ. 1948ಕ್ಕೆ ಹಿಂದಿನ ಭಾರತದ ದೃಶ್ಯಗಳಿಗೆ ವಿದೇಶಿ ಸಂಗ್ರಹಗಳನ್ನೂ ನೋಡಲೇಬೇಕು. ನ್ಯೂಸ್‌ರೀಲ್ ಸಂಗ್ರಹವಾದ ಬ್ರಿಟಿಷ್ ಪಾಥೇ 2014ರಲ್ಲಿ ಸುಮಾರು 85,000 ತುಣುಕುಗಳನ್ನು ಯೂಟ್ಯೂಬ್‌ಗೆ ಏರಿಸಿದೆ. ಹುಡುಕುವಾಗ ಆ ಕಾಲದ ಇಂಗ್ಲಿಷ್ ಕಾಗುಣಿತಗಳನ್ನೆಲ್ಲ ಹಾಕಿ ನೋಡಿ; ಊರಿನ ಹೆಸರನ್ನು ಅವರು ನಮ್ಮಂತೆ ಬರೆದಿರುವುದಿಲ್ಲ. ಬೆಂಗಳೂರು ದೂರದರ್ಶನ ಆರಂಭವಾದದ್ದು 1981ರಲ್ಲಿ, ಅದಕ್ಕೆ ಹಿಂದಿನ ಟಿವಿ ದೃಶ್ಯವನ್ನು ಅಲ್ಲಿ ಹುಡುಕುವುದರಲ್ಲಿ ಅರ್ಥವಿಲ್ಲ. ಕಾಗದಪತ್ರಗಳಿಗೆ ಕರ್ನಾಟಕ ರಾಜ್ಯ ಪತ್ರಾಗಾರ.

ಹಳೆಯ ಕ್ಯಾಟಲಾಗ್‌ಗಳು ಉದ್ದವನ್ನು ಅಡಿಯಲ್ಲಿ ಹೇಳುತ್ತವೆ. 35 ಎಂಎಂ ಫಿಲ್ಮ್‌ನಲ್ಲಿ ಒಂದು ಅಡಿಗೆ 16 ಫ್ರೇಮ್, 16 ಎಂಎಂನಲ್ಲಿ 40 ಫ್ರೇಮ್. ಸೆಕೆಂಡಿಗೆ 24 ಫ್ರೇಮ್‌ನಂತೆ 35 ಎಂಎಂನ 90 ಅಡಿ ಒಂದು ನಿಮಿಷ, 16 ಎಂಎಂನ 36 ಅಡಿ ಒಂದು ನಿಮಿಷ. ‘60 ಅಡಿ, 35 ಎಂಎಂ’ ಎಂದು ಕಂಡರೆ 40 ಸೆಕೆಂಡ್ ಎಂದು ತಿಳಿದುಕೊಳ್ಳಿ. ಸ್ಕ್ಯಾನ್‌ಗೆ ದುಡ್ಡು ಕಟ್ಟುವ ಮುಂಚೆ ಈ ಲೆಕ್ಕ ಹಾಕಿದರೆ ನಿರ್ಮಾಪಕರ ಹಣ ಉಳಿಯುತ್ತದೆ.

ವೇಗ, ಗೆರೆ, ಚೌಕಟ್ಟು

ಭಾರತದಲ್ಲಿ ಇಂಥ ಚಿತ್ರದ ಟೈಮ್‌ಲೈನ್ 25 ಫ್ರೇಮ್ ಇರುವುದು ಒಳ್ಳೆಯದು. ಇಲ್ಲಿನ ಹಳೆಯ ವಿಡಿಯೋ ಟೇಪುಗಳೆಲ್ಲ ಪಾಲ್ ಪದ್ಧತಿಯವು, ಅಂದರೆ ಸೆಕೆಂಡಿಗೆ 25 ಫ್ರೇಮ್. ವಿದ್ಯುತ್ತು 50 ಹರ್ಟ್ಜ್ ಆದ್ದರಿಂದ ಟ್ಯೂಬ್‌ಲೈಟ್ ಕೆಳಗಿನ ಸಂದರ್ಶನವೂ 1/50 ಶಟರ್‌ನಲ್ಲಿ ಮಿಣುಕುವುದಿಲ್ಲ.

ಮೂಕಿ ಕಾಲದ ದೃಶ್ಯಗಳಲ್ಲಿ ಜನ ಗುಬ್ಬಿಯಂತೆ ಪುಟಪುಟ ಓಡಾಡುವುದನ್ನು ನೋಡಿರುತ್ತೀರಿ. ಅವರು ಹಾಗೆ ನಡೆಯುತ್ತಿರಲಿಲ್ಲ. ಕೈಯಿಂದ ತಿರುಗಿಸುವ ಕ್ಯಾಮೆರಾದಲ್ಲಿ ಸೆಕೆಂಡಿಗೆ 16ರಿಂದ 20 ಫ್ರೇಮ್ ಆಸುಪಾಸಿನಲ್ಲಿ ತೆಗೆದದ್ದನ್ನು 24ರಲ್ಲಿ ಓಡಿಸಿದರೆ ಹಾಗಾಗುತ್ತದೆ. ಸ್ಕ್ಯಾನ್ ಒಂದು ಫ್ರೇಮ್‌ಗೆ ಒಂದು ಫ್ರೇಮ್ ಬಂದಿದ್ದರೆ, 25ರ ಟೈಮ್‌ಲೈನ್‌ನಲ್ಲಿ 16 ಫ್ರೇಮ್‌ನ ಶಾಟ್‌ಗೆ ಶೇ 64, 18 ಫ್ರೇಮ್‌ನದ್ದಕ್ಕೆ ಶೇ 72 ವೇಗ ಕೊಡಿ. ಸರಿಯಾದ ವೇಗ ಯಾವುದೆಂದು ನಡಿಗೆ ನೋಡಿ, ಬೀಳುವ ನೀರು ನೋಡಿ, ಹೊಗೆ ನೋಡಿ ತೀರ್ಮಾನಿಸಿ. ಅದಕ್ಕೂ ಮುಂಚೆ ಬಾಣದ ಕೀಲಿ ಒತ್ತುತ್ತ ಒಂದೊಂದೇ ಫ್ರೇಮ್ ಮುಂದೆ ಹೋಗಿ. ನಡುನಡುವೆ ಅದೇ ಫ್ರೇಮ್ ಎರಡು ಸಲ ಬರುತ್ತಿದ್ದರೆ ಆರ್ಕೈವ್‌ನವರು ಆಗಲೇ ವೇಗ ಸರಿಪಡಿಸಿದ್ದಾರೆ ಎಂದರ್ಥ. ಅದರ ಮೇಲೆ ನೀವೂ ನಿಧಾನ ಮಾಡಿದರೆ ಶವಯಾತ್ರೆಯಂತಾಗುತ್ತದೆ. ನಡುವಿನ ಫ್ರೇಮ್‌ಗಳನ್ನು ಊಹಿಸಿ ಹುಟ್ಟಿಸುವ ಆಪ್ಟಿಕಲ್ ಫ್ಲೋ ಹಾಕಬೇಡಿ. ಗಾಡಿಚಕ್ರದ ಅರಗಳು, ಬೀಸುವ ಕೈಗಳು ಕರಗಿದ ಮೇಣದಂತೆ ಕಾಣುತ್ತವೆ. ಇರುವ ಫ್ರೇಮನ್ನೇ ಮತ್ತೆ ತೋರಿಸುವ ಫ್ರೇಮ್ ಸ್ಯಾಂಪ್ಲಿಂಗ್‌ನ ಸಣ್ಣ ಎಡವಟ್ಟು ಅದಕ್ಕಿಂತ ಮೇಲು.

ಟಾಕಿ ಕಾಲದ 24 ಫ್ರೇಮ್ ಫಿಲ್ಮನ್ನು 25ಕ್ಕೆ ನೇರ ಓಡಿಸಿದರೆ ಶೇ 4ರಷ್ಟು ವೇಗ ಹೆಚ್ಚುತ್ತದೆ. ಒಂದು ಗಂಟೆ 57 ನಿಮಿಷ 36 ಸೆಕೆಂಡ್ ಆಗುತ್ತದೆ, ಧ್ವನಿ ಒಂದಿಷ್ಟು ಮೇಲಕ್ಕೇರುತ್ತದೆ. ಪರಿಚಿತ ನಾಯಕರ ಭಾಷಣವಾದರೆ ಕೇಳುಗರಿಗೆ ಅದು ಗೊತ್ತಾಗುತ್ತದೆ, ಪಿಚ್ ಇಳಿಸಿಕೊಳ್ಳಿ.

ಹಳೆಯ ಟೇಪುಗಳ ರೋಗ ಇಂಟರ್‌ಲೇಸಿಂಗ್. ಒಂದು ಫ್ರೇಮ್ ಎಂದರೆ ಬೆಸ ಗೆರೆಗಳ ಒಂದು ಫೀಲ್ಡ್, ಸಮ ಗೆರೆಗಳ ಒಂದು ಫೀಲ್ಡ್. ಎರಡರ ನಡುವೆ ಸೆಕೆಂಡಿನ ಐವತ್ತನೆಯ ಒಂದು ಭಾಗದ ಅಂತರ. ಕೈ ಅಲುಗಿದ ಕಡೆ ಬಾಚಣಿಗೆಯ ಹಲ್ಲಿನಂತೆ ಗೆರೆ ಕಾಣುತ್ತದೆ. ಮೊದಲು ಡಿಇಂಟರ್‌ಲೇಸ್ (ಈ ಗೆರೆ ತೆಗೆಯುವುದು), ಆಮೇಲೆ ದೊಡ್ಡದು ಮಾಡುವುದು. ಈ ಕ್ರಮ ತಪ್ಪಲೇಬಾರದು. ಗೆರೆಗಳ ಸಮೇತ ಹಿಗ್ಗಿಸಿ ರೆಂಡರ್ ಮಾಡಿದರೆ ಆ ಹಲ್ಲುಗಳು ಚಿತ್ರದೊಳಗೆ ಬೆಂದುಹೋಗುತ್ತವೆ, ಮತ್ತೆ ತೆಗೆಯಲಾಗದು. ಚಲನೆ ಒಂದು ಹೆಜ್ಜೆ ಮುಂದೆ, ಅರ್ಧ ಹೆಜ್ಜೆ ಹಿಂದೆ ಎಂಬಂತೆ ನಡುಗಿದರೆ ಫೀಲ್ಡ್ ಕ್ರಮ ತಲೆಕೆಳಗಾಗಿದೆ. ಡಿವಿ ಟೇಪಿನಲ್ಲಿ ಕೆಳ ಫೀಲ್ಡ್ ಮೊದಲು ಎಂಬುದನ್ನು ನೆನಪಿಡಿ.

ಚೌಕಟ್ಟಿನ ವಿಷಯದಲ್ಲಿ ನಿರ್ಮಾಪಕರ ಜೊತೆ ಜಗಳವಾದರೂ ಪರವಾಗಿಲ್ಲ, 4:3 ಚಿತ್ರವನ್ನು ಹಿಗ್ಗಿಸಬೇಡಿ. ಹಿಗ್ಗಿಸಿದರೆ ಗಾಂಧೀಜಿಯೂ ದಪ್ಪಗಾಗುತ್ತಾರೆ. 16:9ಕ್ಕೆ ಕತ್ತರಿಸಿದರೆ ಎತ್ತರದ ಕಾಲು ಭಾಗ ಹೋಗುತ್ತದೆ. ಅದರ ಜೊತೆ ಬಾವುಟ, ಬೋರ್ಡು, ಬರಿಗಾಲು ಎಲ್ಲ ಹೋಗುತ್ತವೆ. 1920×1080ರೊಳಗೆ 1440×1080 ಆಗಿ, ಎರಡೂ ಪಕ್ಕ ಕಪ್ಪು ಬಿಟ್ಟು ಇಡಿ.

ಫೋಟೊ ಮತ್ತು ಪತ್ರಿಕೆ

ಯುಎಚ್‌ಡಿ (4ಕೆ) ಚೌಕಟ್ಟಿನ ಅಗಲ 3840 ಪಿಕ್ಸೆಲ್. 4×6 ಅಂಗುಲದ ಫೋಟೊವನ್ನು 600 ಡಿಪಿಐನಲ್ಲಿ ಸ್ಕ್ಯಾನ್ ಮಾಡಿದರೆ ಅಗಲ 3600, ಅಂದರೆ ಪೂರ್ತಿ ತೆರೆಗೂ ಸಾಲದು. 1200ರಲ್ಲಿ ಮಾಡಿದರೆ 7200 ಸಿಗುತ್ತದೆ, ಗುಂಪಿನೊಳಗಿನ ಒಂದು ಮುಖದತ್ತ ಸುಮಾರು ಎರಡು ಪಟ್ಟು ಹತ್ತಿರ ಹೋಗಬಹುದು. 16 ಬಿಟ್ ಟಿಫ್ ಆಗಿ ಉಳಿಸಿ. ಫೋಟೊದ ಬೆನ್ನನ್ನೂ ಸ್ಕ್ಯಾನ್ ಮಾಡಿ. ಸ್ಟುಡಿಯೋದ ಮೊಹರು, ಪೆನ್ಸಿಲ್‌ನಲ್ಲಿ ಬರೆದ ಇಸವಿ, ಯಾರದೋ ಹೆಸರು ಅಲ್ಲಿರುತ್ತದೆ.

ಪತ್ರಿಕೆಯ ಚಿತ್ರ ಚುಕ್ಕಿಗಳಿಂದಾದದ್ದು. ಕಡಿಮೆ ಡಿಪಿಐ ಸ್ಕ್ಯಾನ್‌ನಲ್ಲಿ ಅದರ ಮೇಲೆ ಅಲೆಅಲೆಯ ಜಾಲ ಮೂಡುತ್ತದೆ, ಕ್ಯಾಮೆರಾ ಜಾರಿಸಿದಾಗ ಜಾಲವೂ ಕುಣಿಯುತ್ತದೆ. 1200ರಲ್ಲಿ ಸ್ಕ್ಯಾನ್ ಮಾಡಿ, ಸ್ವಲ್ಪ ಮಸುಕುಗೊಳಿಸಿ, ಆಮೇಲೆ ಗಾತ್ರ ಇಳಿಸಿ. ದಾಖಲೆ ತೋರಿಸುವಾಗ ಜೂಮ್ ನಿಲ್ಲುವ ಹೊತ್ತಿಗೆ ಓದಬೇಕಾದ ಸಾಲು ತೆರೆಯ ನಡುವೆ ಇರಬೇಕು, ನಿಂತ ಮೇಲೆ ನೀವು ಗಟ್ಟಿಯಾಗಿ ಎರಡು ಸಲ ಓದುವಷ್ಟು ಹೊತ್ತು ಇರಬೇಕು. ಎಲ್ಲ ಫೋಟೊಗೂ ಜೂಮ್ ಬೇಕಿಲ್ಲ. ಅಲುಗದೆ ನಿಂತ ಒಂದು ಮುಖವನ್ನು ಆರು ಸೆಕೆಂಡ್ ನೋಡುವ ತಾಳ್ಮೆ ನಮ್ಮ ಪ್ರೇಕ್ಷಕರಿಗಿದೆ.

ಮಾತಿನ ಕಟ್: ‘ಅಂತೆ’ ಎಲ್ಲಿ ಹೋಯಿತು?

ಎಡಿಟಿಂಗ್‌ನ ಪಾಠಗಳು ಹೆಚ್ಚಾಗಿ ಇಂಗ್ಲಿಷ್ ಮಾತನ್ನು ಕತ್ತರಿಸುವುದನ್ನು ಕಲಿಸುತ್ತವೆ. ಕನ್ನಡದ ಸಾಕ್ಷಿಯನ್ನು ಹಾಗೆ ಕತ್ತರಿಸಿದರೆ ಚರಿತ್ರೆಯೇ ಬದಲಾಗುತ್ತದೆ. ನಮ್ಮ ವಾಕ್ಯದಲ್ಲಿ ಕ್ರಿಯಾಪದ ಕೊನೆಗೆ ಬರುತ್ತದೆ, ‘ಇಲ್ಲ’ ಎಂಬುದೂ ಕೊನೆಗೇ ಬರುತ್ತದೆ. ಅದೇ ಜಾಗದಲ್ಲಿ ಮಾತಾಡುವವರ ಉಸಿರು ಇಳಿದು ಧ್ವನಿ ಕುಗ್ಗುತ್ತದೆ. ವಯಸ್ಸಾದವರಲ್ಲಂತೂ ಕೊನೆಯ ಎರಡು ಅಕ್ಷರ ಕೇಳಿಸುವುದೇ ಕಷ್ಟ. ಅವಸರದ ಎಡಿಟರ್ ಆ ಬಾಲವನ್ನೇ ಕತ್ತರಿಸುತ್ತಾನೆ.

ಒಂದು ವಾಕ್ಯ ನೋಡಿ: ‘ಪೊಲೀಸ್ನೋರು ಮೊದ್ಲು ಲಾಠಿ ಬೀಸಿ ಆಮೇಲೆ ಗುಂಡು ಹೊಡುದ್ರಂತೆ.’ ಹೇಳಿದವರು ಅಲ್ಲಿರಲಿಲ್ಲ, ಯಾರಿಂದಲೋ ಕೇಳಿದ್ದಾರೆ. ‘ಅಂತೆ’ ಕತ್ತರಿಸಿ ‘ಹೊಡುದ್ರು’ ಎಂದು ನಿಲ್ಲಿಸಿದರೆ ಕೇಳಿದ ಮಾತು ಕಂಡ ಮಾತಾಗುತ್ತದೆ. ಕತ್ತರಿಸಿದ್ದು ಐದಾರು ಫ್ರೇಮ್, ಬದಲಾದದ್ದು ಸಾಕ್ಷಿಯ ಸ್ವರೂಪ. ‘ಅನ್ಸುತ್ತೆ’, ‘ಇರ್ಬೇಕು’, ‘ಅಂತ ಹೇಳ್ತಾರೆ’ ಇವೂ ಅಷ್ಟೇ. ಇವನ್ನು ಬಾಯಿಮಾತಿನ ಕಸವೆಂದು ತೆಗೆಯಬೇಡಿ. ‘ಏನಂದ್ರೆ’, ‘ಅದೇ ಅದು’, ‘ಹಾಂ’ಗಳನ್ನು ಬೇಕಾದರೆ ತೆಗೆಯಿರಿ. ಇಂಗ್ಲಿಷ್ ಸಬ್‌ಟೈಟಲ್‌ಗೂ ‘ಅಂತೆ’ ಇಳಿದಿದೆಯೇ ಎಂದು ನೋಡಿ. ಅಲ್ಲಿ ಇದು ಇನ್ನೂ ಸುಲಭವಾಗಿ ಕಳೆದುಹೋಗುತ್ತದೆ.

ಎರಡು ಬೇರೆ ಉತ್ತರಗಳ ತುಂಡುಗಳನ್ನು ಬೆಸೆದು ಒಂದು ಹೊಸ ವಾಕ್ಯ ಮಾಡುವುದು, ನಡುವೆ ಫೋಟೊ ಇಟ್ಟು ಬೆಸುಗೆ ಮುಚ್ಚುವುದು ಈ ವಿಭಾಗದಲ್ಲಿ ಸಲ್ಲದು. ಉಸಿರು, ಕೆಮ್ಮು, ಗೋಜಲು ತೆಗೆಯಲು ಬೆಸುಗೆ ಹಾಕಬಹುದು, ಹೊಸ ಅರ್ಥ ಹುಟ್ಟಿಸಲು ಹಾಕಬಾರದು. ಅನುಮಾನ ಬಂದರೆ ಒಂದು ಪರೀಕ್ಷೆ ಇದೆ: ಕಟ್ ಮಾಡಿದ ತುಣುಕನ್ನು ಹೇಳಿದವರ ಮುಂದೆಯೇ ಕೂತು ತೋರಿಸಬಲ್ಲಿರಾ?

ಸಂದರ್ಶನಗಳ ಲಿಪ್ಯಂತರ ಪೂರ್ತಿ ಆಗಬೇಕು, ಆಡುಮಾತು ಆಡುಮಾತಾಗಿಯೇ ಇರಬೇಕು. ಮಂಡ್ಯದ ಮಾತನ್ನು ಪುಸ್ತಕದ ಕನ್ನಡಕ್ಕೆ ತಿದ್ದಿದ ಲಿಪ್ಯಂತರ ಎಡಿಟರ್‌ಗೆ ಉಪಯೋಗವಿಲ್ಲ, ಹುಡುಕಿದ ಪದ ಧ್ವನಿಯಲ್ಲಿ ಸಿಗುವುದಿಲ್ಲ. ಒಂದು ಗಂಟೆಯ ಮಾತಿಗೆ ಟೈಪ್ ಮಾಡಲು ನಾಲ್ಕರಿಂದ ಆರು ಗಂಟೆ ಹಿಡಿಯುತ್ತದೆ, ಬಜೆಟ್‌ನಲ್ಲಿ ಬರೆಸಿ. ಟೈಪ್ ಮಾಡುವವರಿಗೆ ಯೂನಿಕೋಡ್ ಎಂದು ಮೊದಲೇ ಹೇಳಿ. ಹಳೆಯ ನುಡಿ ಅಥವಾ ಬರಹ ಫಾಂಟ್‌ನ ಆಸ್ಕಿ ಕಡತ ಬಂದರೆ ಪದ ಹುಡುಕುವಂತೆಯೇ ಇಲ್ಲ, ಪರಿವರ್ತಿಸಿದರೂ ಅರ್ಕಾವತ್ತು ಅಲ್ಲಲ್ಲಿ ಜಾಗ ತಪ್ಪುತ್ತದೆ.

ಕಾಗದದಿಂದ ಲಾಕ್‌ವರೆಗೆ

ಲಿಪ್ಯಂತರ ಕೈಗೆ ಬಂದ ಮೇಲೆ ಕಂಪ್ಯೂಟರ್‌ನಿಂದ ದೂರ ಕೂತು, ಬೇಕಾದ ಮಾತುಗಳಿಗೆ ಗೆರೆ ಎಳೆದು, ಪ್ರತಿ ಮಾತನ್ನೂ ಒಂದು ಚೀಟಿಯಲ್ಲಿ ಬರೆದು ಗೋಡೆಗೆ ಅಂಟಿಸಿ. ಮಾತಿಗೆ ಒಂದು ಬಣ್ಣದ ಚೀಟಿ, ಆರ್ಕೈವ್‌ಗೆ ಇನ್ನೊಂದು. ಬರೀ ಮಾತಿನ ಚೀಟಿಗಳೇ ಆರೇಳು ಸಾಲಾಗಿ ನಿಂತ ಕಡೆ ಚಿತ್ರ ಬೇಸರ ತರಿಸುತ್ತದೆ ಎಂದು ಆಗಲೇ ತಿಳಿಯುತ್ತದೆ. ಮೊದಲ ಜೋಡಣೆ ಎರಡು ಗಂಟೆ ಆದರೂ ಹೆದರಬೇಡಿ. ಅಲ್ಲಿಂದ 75 ನಿಮಿಷಕ್ಕೆ ಇಳಿಸುವುದು ಸುಲಭ. 75ರಿಂದ 52ಕ್ಕೆ ಬರುವಾಗ ಒಂದಿಡೀ ಎಳೆಯನ್ನೇ ಬಿಡಬೇಕಾಗುತ್ತದೆ. ಎಲ್ಲವನ್ನೂ ಸ್ವಲ್ಪ ಸ್ವಲ್ಪ ತೆಳ್ಳಗೆ ಮಾಡಿದ ಚಿತ್ರದಲ್ಲಿ ಯಾವುದೂ ನೆನಪುಳಿಯುವುದಿಲ್ಲ.

ನಿರೂಪಣೆಯ ಉದ್ದವನ್ನು ಇಂಗ್ಲಿಷ್ ಲೆಕ್ಕದಲ್ಲಿ ಅಳೆಯಬೇಡಿ. ಇಂಗ್ಲಿಷ್‌ನಲ್ಲಿ ನಿಮಿಷಕ್ಕೆ 150 ಪದದವರೆಗೆ ಹೋಗಬಹುದು. ಕನ್ನಡದ ಪದಗಳು ಪ್ರತ್ಯಯಗಳನ್ನೆಲ್ಲ ಹೊತ್ತು ಉದ್ದವಾಗಿರುವುದರಿಂದ 80ರಿಂದ 100 ಪದ ದಾಟಿದರೆ ಓದುವವರಿಗೆ ಏದುಸಿರು ಬರುತ್ತದೆ. ನಿಮ್ಮದೇ ಧ್ವನಿಯಲ್ಲಿ ಒರಟಾಗಿ ರೆಕಾರ್ಡ್ ಮಾಡಿ ಟೈಮ್‌ಲೈನ್‌ನಲ್ಲಿಟ್ಟು ಕಟ್ ಮಾಡಿ. ಕಲಾವಿದರ ಧ್ವನಿ ಪಿಕ್ಚರ್ ಲಾಕ್ ನಂತರ, ಅಂದರೆ ಇನ್ನು ಯಾವ ಕಟ್ಟೂ ಬದಲಾಗದು ಎಂದು ತೀರ್ಮಾನವಾದ ಮೇಲೆ.

ಟ್ರ್ಯಾಕ್‌ಗಳಲ್ಲಿ ಶಿಸ್ತು ಇರಲಿ. ಸಂದರ್ಶನ ಒಂದರಲ್ಲಿ, ಹೊಸ ಚಿತ್ರೀಕರಣ ಎರಡರಲ್ಲಿ, ಆರ್ಕೈವ್ ದೃಶ್ಯ ಮೂರರಲ್ಲಿ, ಫೋಟೊ ಮತ್ತು ದಾಖಲೆ ನಾಲ್ಕರಲ್ಲಿ. ಯಾವ ಸಂಸ್ಥೆಯದ್ದು ಎಷ್ಟು ಸೆಕೆಂಡ್ ಬಳಸಿದ್ದೇವೆ ಎಂಬ ಲೆಕ್ಕ ಮೂರನೆಯ ಟ್ರ್ಯಾಕ್‌ನಿಂದ ಹತ್ತು ನಿಮಿಷದಲ್ಲಿ ಸಿಗುತ್ತದೆ. ಪರವಾನಗಿಯ ಹಣ ಸೆಕೆಂಡ್ ಅಥವಾ ನಿಮಿಷದ ಲೆಕ್ಕದಲ್ಲಿ, ಸಾಮಾನ್ಯವಾಗಿ ಒಂದು ಕನಿಷ್ಠ ಅವಧಿಯ ಷರತ್ತಿನ ಜೊತೆ ಬರುವುದರಿಂದ, ಮೂರು ಸೆಕೆಂಡಿನ ಒಂಟಿ ಶಾಟ್ ಒಂದು ಸಂಸ್ಥೆಯಿಂದ ಬೇಕೇ ಎಂದು ರಫ್ ಕಟ್‌ನಲ್ಲೇ ಕೇಳಿಕೊಳ್ಳಿ. ಸಂಸ್ಥೆ ನೋಡಲು ಕೊಟ್ಟ, ವಾಟರ್‌ಮಾರ್ಕ್ ಇರುವ ಪ್ರತಿಯ ಜಾಗಕ್ಕೆ ಮಾಸ್ಟರ್ ತರಿಸುವಾಗ ಎರಡೂ ತುದಿಗೆ ಒಂದೊಂದು ಸೆಕೆಂಡ್ ಹೆಚ್ಚು ಕೇಳಿ. ಮಾಸ್ಟರ್ ಬಂದ ಮೇಲೆ ಹಳೆಯ ಪ್ರತಿಯನ್ನು ಅರೆಪಾರದರ್ಶಕವಾಗಿ ಮೇಲಿಟ್ಟು ಫ್ರೇಮ್ ಫ್ರೇಮ್ ಹೊಂದುತ್ತದೆಯೇ ನೋಡಿ.

ದೃಶ್ಯವೇ ಇಲ್ಲದ ಕಡೆ

ಅಂಕೋಲೆಯ ಉಪ್ಪಿನ ಸತ್ಯಾಗ್ರಹ 1930ರ ಏಪ್ರಿಲ್ 13ರಂದು ಶುರುವಾಯಿತು. ಅದರ ಚಲನಚಿತ್ರ ಕೈಗೆ ಸಿಗಲಿಲ್ಲ ಎಂದುಕೊಳ್ಳಿ. ದಂಡಿಯ ದೃಶ್ಯ ಸುಲಭವಾಗಿ ಸಿಗುತ್ತದೆ, ಅದೇ ಉಪ್ಪು, ಅದೇ ಬಿಳಿ ಬಟ್ಟೆ. ಅದನ್ನು ಅಂಕೋಲೆಯ ಮಾತಿನ ಕೆಳಗೆ ಇಡುವ ಆಸೆ ಆಗಿಯೇ ಆಗುತ್ತದೆ. ಇಡಬೇಡಿ. ಇವತ್ತಿನ ಅಂಕೋಲೆಯ ಕಡಲತೀರ, ಉಪ್ಪಿನ ಆಗರ, ಆ ದಿನದ ಪತ್ರಿಕೆಯ ಪುಟ, ಸಾಕ್ಷಿಯ ಕೈ, ಇವು ಹೆಚ್ಚು ನಿಜ. ದಂಡಿ ಬೇಕೇ ಬೇಕೆಂದರೆ ‘ದಂಡಿ, 1930’ ಎಂದು ತೆರೆಯ ಮೇಲೆ ಬರೆಯಿರಿ. ಮರುಸೃಷ್ಟಿಸಿದ ದೃಶ್ಯಕ್ಕೆ ಹಳೆಯ ಫಿಲ್ಮ್‌ನ ಗೀರು, ಕಾಳು ಹಾಕಿ ಮೂಲದಂತೆ ಕಾಣಿಸುವುದು ಅತಿ ಕೆಟ್ಟ ಅಭ್ಯಾಸ. ಹತ್ತು ವರ್ಷದ ನಂತರ ಇನ್ನೊಬ್ಬರು ಅದನ್ನೇ ಅಸಲಿ ಎಂದುಕೊಂಡು ಎತ್ತಿಕೊಳ್ಳುತ್ತಾರೆ.

ಎಐ ಮೂಲಕ ಚಿತ್ರ ಸ್ಪಷ್ಟಗೊಳಿಸುವ ಸಾಧನಗಳಿಗೂ ಇದೇ ಮಾತು. ಅವು ಮಸುಕಾದ ಮುಖಕ್ಕೆ ಕಣ್ಣು, ಹಲ್ಲು, ಚರ್ಮವನ್ನು ಊಹಿಸಿ ತುಂಬುತ್ತವೆ. ಆ ಮುಖ ಆ ಮನುಷ್ಯನದಲ್ಲ. ಧೂಳು, ಗೀರು, ಅಲುಗಾಟ ತೆಗೆಯಿರಿ, ಮುಖ ಹುಟ್ಟಿಸಬೇಡಿ.

ಸದ್ದು

ಮೂಕ ದೃಶ್ಯಕ್ಕೆ ಸದ್ದು ಸೇರಿಸುವಾಗ ಗಾಡಿಯ ಸದ್ದು, ಗಾಳಿ, ದೂರದ ಗುಂಪಿನ ಗುಜುಗುಜು ತೆಳುವಾಗಿ ಇರಲಿ. ಅಂದು ಕೂಗಿದ್ದು ಗೊತ್ತಿಲ್ಲದ ಘೋಷಣೆಯನ್ನು ಗುಂಪಿನ ಬಾಯಿಗೆ ಹಾಕಬೇಡಿ. ಸದ್ದಿಗೂ ಇಸವಿ ಇದೆ: ಮೈಸೂರಿನಲ್ಲಿ ಎಂ.ವಿ. ಗೋಪಾಲಸ್ವಾಮಿಯವರು ಆಕಾಶವಾಣಿ ಶುರುಮಾಡಿದ್ದು 1935ರಲ್ಲಿ, ಹಾಗಾಗಿ 1930ರ ಮೈಸೂರಿನ ಬೀದಿಗೆ ಊರಿನ ರೇಡಿಯೋ ಪ್ರಕಟಣೆ ಹೊಂದುವುದಿಲ್ಲ. ಪ್ರತಿ ಸಂದರ್ಶನದ ಕೋಣೆಯ ಬರಿಯ ಸದ್ದು 30 ಸೆಕೆಂಡ್ ಬೇಕು, ಮಾತಿನ ಬೆಸುಗೆಗಳ ಕೆಳಗೆ ಅದನ್ನೇ ಹಾಸಬೇಕು. ಯುರೋಪಿನ ವಾಹಿನಿಗೆ ಕೊಡುವುದಾದರೆ ಒಟ್ಟು ಮಟ್ಟ ಮೈನಸ್ 23 ಎಲ್‌ಯುಎಫ್‌ಎಸ್ (ಸದ್ದಿನ ಜೋರಿನ ಅಳತೆ), ಶಿಖರ ಮೈನಸ್ 1 ಡೆಸಿಬೆಲ್. ಬೇರೆ ಕಡೆಗೆ ಅವರ ಪಟ್ಟಿ ಕೇಳಿ ತರಿಸಿಕೊಳ್ಳಿ.

ಹಕ್ಕು, ಅಕ್ಷರ, ಕರಾರು

1957ರ ಹಕ್ಕುಸ್ವಾಮ್ಯ ಕಾಯ್ದೆಯಂತೆ ಭಾರತದಲ್ಲಿ ಚಲನಚಿತ್ರದ ಹಕ್ಕು ಪ್ರಕಟವಾದ ಮರುವರ್ಷದ ಆರಂಭದಿಂದ 60 ವರ್ಷ. 1956ರ ನ್ಯೂಸ್‌ರೀಲ್‌ನ ಅವಧಿ 2016ರ ಕೊನೆಗೆ ಮುಗಿದಿದೆ. ಹಾಗೆಂದು ಮಾಸ್ಟರ್ ಪ್ರತಿ ಪುಕ್ಕಟೆ ಸಿಗುವುದಿಲ್ಲ. ಡಬ್ಬಿ ಯಾರ ಬಳಿ ಇದೆಯೋ ಅವರು ಪ್ರತಿಗೆ ಶುಲ್ಕ ಕೇಳುತ್ತಾರೆ. ಅದರೊಳಗಿನ ಹಾಡು, ಸಂಗೀತದ ಹಕ್ಕು ಬೇರೆ. ಫೋಟೊಗಳ ಲೆಕ್ಕ 2012ರ ತಿದ್ದುಪಡಿಯ ಮೇಲೆ ಛಾಯಾಗ್ರಾಹಕರ ಜೀವಿತಾವಧಿ ಮತ್ತು ಅವರ ನಂತರದ 60 ವರ್ಷ. ವಿದೇಶಿ ಸಂಗ್ರಹದ ದೃಶ್ಯಕ್ಕೆ ವಕೀಲರನ್ನು ಕೇಳದೆ ಲಾಕ್ ಮಾಡಬೇಡಿ.

ಕನ್ನಡ ಶೀರ್ಷಿಕೆ ಹಾಕುವ ಮುಂಚೆ ಪ್ರೀಮಿಯರ್‌ನ ಗ್ರಾಫಿಕ್ಸ್ ಸೆಟ್ಟಿಂಗ್‌ನಲ್ಲಿ ದಕ್ಷಿಣ ಏಷ್ಯಾ ಭಾಷೆಗಳ ಆಯ್ಕೆ ಒತ್ತಿ. ಇಲ್ಲವಾದರೆ ಒತ್ತಕ್ಷರ ಬಿಡಿಬಿಡಿಯಾಗಿ ‘ಸತ್ಯಾಗ್ರಹ’ ಓದಲಾಗದಂತಾಗುತ್ತದೆ. ಹೆಸರುಪಟ್ಟಿಯನ್ನು ಕನ್ನಡ ಬಲ್ಲ ಹೊಸ ಕಣ್ಣೊಂದರಿಂದ ಓದಿಸಿ.

ಕರಾರು ಬರಹದಲ್ಲಿರಲಿ. 52 ನಿಮಿಷದ ಚಿತ್ರಕ್ಕೆ 12ರಿಂದ 14 ವಾರಕ್ಕಿಂತ ಕಡಿಮೆ ಒಪ್ಪಿಕೊಂಡರೆ ಕಡಿತ ಬೀಳುವುದು ಲಾಗ್‌ಗೇ. ಶೇ 30 ಮುಂಗಡ, ಶೇ 30 ರಫ್ ಕಟ್‌ಗೆ, ಶೇ 25 ಲಾಕ್‌ಗೆ, ಶೇ 15 ಮುಗಿದ ಚಿತ್ರದ ಮಾಸ್ಟರ್ ಕೊಟ್ಟಾಗ ಎಂದು ಹಂಚಿಕೊಂಡರೆ ಕೊನೆಯಲ್ಲಿ ದೊಡ್ಡ ಬಾಕಿ ಉಳಿಯುವುದಿಲ್ಲ. ತಿದ್ದುಪಡಿ ಮೂರು ಸುತ್ತು, ನಾಲ್ಕನೆಯದಕ್ಕೆ ದಿನದ ಲೆಕ್ಕ ಎಂದು ನಮೂದಿಸಿ. ಒಂದು ಹೊಸ ದೃಶ್ಯ ಆರು ವಾರದ ನಂತರ ಯಾರದೋ ಮನೆಯ ಅಟ್ಟದಿಂದ ಸಿಗುವುದು ಈ ಕೆಲಸದಲ್ಲಿ ಮಾಮೂಲು. ಅದಕ್ಕೆಂದೇ ಒಂದು ವಾರ ಖಾಲಿ ಇಟ್ಟುಕೊಳ್ಳಿ.

ಒಪ್ಪಿಸುವ ದಿನ ಕೊಡಬೇಕಾದವು: ಪಠ್ಯವಿರುವ ಮಾಸ್ಟರ್, ಪಠ್ಯವಿಲ್ಲದ ಮಾಸ್ಟರ್, ಮಾತು, ಸಂಗೀತ, ಪರಿಣಾಮಗಳು ಬೇರೆ ಬೇರೆಯಾದ ಧ್ವನಿ, ಸಬ್‌ಟೈಟಲ್ ಕಡತ, ಸಂಗೀತದ ಪಟ್ಟಿ, ಟೈಮ್‌ಕೋಡ್ ಸಮೇತ ಆರ್ಕೈವ್ ಪಟ್ಟಿ. ಮನೆಗಳಿಂದ ತಂದ ಫೋಟೊಗಳನ್ನು ಆಯಾ ಮನೆಯ ಹೆಸರು ಬರೆದ ಲಕೋಟೆಯಲ್ಲಿ ಎಣಿಸಿ ಹಾಕಿ. ಜೊತೆಗೆ ಆ ಫೋಟೊಗಳ ಸ್ಕ್ಯಾನ್ ಇರುವ ಪೆನ್‌ಡ್ರೈವ್, ಮತ್ತು ಲಾಗ್‌ನಲ್ಲಿ ಅವರ ಫೋಟೊಗಳ ಬಗ್ಗೆ ನೀವು ಕಂಡುಹಿಡಿದ ಸಾಲುಗಳ ಒಂದು ಪ್ರಿಂಟ್ ಇಡಿ. ಗುಂಪಿನಲ್ಲಿ ಎಡದಿಂದ ಮೂರನೆಯವರು ಯಾರು ಎಂಬುದು ಆ ಮನೆಯವರಿಗೇ ಎಷ್ಟೋ ಸಲ ಗೊತ್ತಿರುವುದಿಲ್ಲ.